ಅಂಗಿ ಬಿಚ್ಚದ ಹುಡುಗ

'ಕಳೆದ ಸಂಚಿಕೆಯಲ್ಲಿ ಯುರೋಪಿನ ಬೆತ್ತಲೆ ಕಡಲತೀರಗಳ ಬಗ್ಗೆ ಬರೆದಿದ್ದೀರಿ. ಇದು ನಮ್ಮ ಸಂಸ್ಕೃತಿಯೇ? ಮಕ್ಕಳೂ ಓದುವ ಪತ್ರಿಕೆ ಇದು. ನನ್ನ ಮಗ, ದಪ್ಪಗಿದ್ದೇನೆಂದು ಮನೆಯಲ್ಲೂ ಅಂಗಿ ಬಿಚ್ಚುವುದಿಲ್ಲ. ಅಷ್ಟು ಸಂಕೋಚದ ಹುಡುಗ.'
– ನಿವೃತ್ತ ಮೇಷ್ಟ್ರು, ತಿಪಟೂರು

ಮೇಷ್ಟ್ರೇ, ಮಾನ ಮರ್ಯಾದೆ ಬೇಕು, ಒಪ್ಪಿದೆ. ಅಮಾನಿಕೆರೆ ಏರಿ ಮೇಲೆ ಬೆತ್ತಲೆ ವಾಕಿಂಗ್ ಹೋಗಿ ಅಂತ ನಾವೇನೂ ಬರೆದಿಲ್ಲ. ಹೋದರೆ ಪೊಲೀಸರು ಸುಮ್ನೆ ಬಿಡುವುದೂ ಇಲ್ಲ.

ಆದರೆ ಸಂಸ್ಕೃತಿ ಅಂದಿರಲ್ಲ, ತುಮಕೂರಿನ ಪಕ್ಕದ ಮಂದರಗಿರಿ ಹತ್ತಿದ್ದೀರಾ? ನೂಲಿನ ಎಳೆಯೂ ಇಲ್ಲದ ಜಿನನ ಮುಂದೆ ಎಲ್ಲರೂ ಕೈಮುಗಿದು ಬರುತ್ತೇವೆ. ಅದು ವೈರಾಗ್ಯ, ಇದು ಬೇರೆ, ಗೊತ್ತು. ಇನ್ನೊಂದು ತಮಾಷೆ ಕೇಳಿ. ಬೆತ್ತಲೆಯವರ ಮೊದಲ ಕ್ಲಬ್ಬು ಎಂದು ಹೆಸರಾದದ್ದು ಹುಟ್ಟಿದ್ದು ನಮ್ಮ ಮುಂಬೈ ಪಕ್ಕದ ಠಾಣೆ ಊರಿನಲ್ಲಿ, 1891ರಲ್ಲಿ. ಕಟ್ಟಿದವರು ಅಲ್ಲಿನ ಜಡ್ಜ್ ಚಾರ್ಲ್ಸ್ ಕ್ರಾಫರ್ಡ್. ಸದಸ್ಯರು ಮೂರೇ ಜನ! ಜರ್ಮನಿಯ ಚಳವಳಿ ಜೋರಾದದ್ದು ಆಮೇಲೆ.

ನನ್ನನ್ನು ಹಿಡಿದು ನಿಲ್ಲಿಸಿದ್ದು ನಿಮ್ಮ ಪತ್ರದ ಕೊನೆಯ ಮಾತು. ಲಂಡನ್ನಿನ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ 2017ರಲ್ಲಿ 849 ಬ್ರಿಟಿಷರ ಸಮೀಕ್ಷೆ ಪ್ರಕಟಿಸಿದರು. ಬೆತ್ತಲೆ ಕೂಟಗಳಿಗೆ ಜಾಸ್ತಿ ಹೋಗುವವರಿಗೆ ತಮ್ಮ ಮೈ ಬಗ್ಗೆ ಬೇಸರ ಕಡಿಮೆ ಎಂದು ಕಂಡಿತು. ಮೈ ಮೆಚ್ಚಿದವರೇ ಅಲ್ಲಿಗೆ ಹೋಗುತ್ತಾರೇನೋ ಅಂತೀರಿ. ಅದಕ್ಕೇ ಅವರು ಕೂಟಕ್ಕೆ ಹೋಗುವ ಮೊದಲೂ ಬಂದ ಮೇಲೂ ಜನರನ್ನು ಕೇಳಿದರು. ಹೋಗಿಬಂದ ಮೇಲೆ ಬೇಸರ ಕಡಿಮೆಯಾಗಿತ್ತು.

ನನಗೆ ಇದು ಹೊಸದೇನಲ್ಲ. ಮಧುಗಿರಿ ಕಡೆಯ ತೋಟದ ಬಾವಿಯಲ್ಲಿ ಸೋರೆಬುರುಡೆ ಕಟ್ಟಿಕೊಂಡು ಈಜು ಕಲಿತವನು ನಾನು. ಎಲ್ಲರಿಗೂ ಒಂದೊಂದು ಲಂಗೋಟಿ, ಅಷ್ಟೇ. ಒಬ್ಬರ ಬೆನ್ನಿಗೆ ಸುಟ್ಟ ಗಾಯ, ಇನ್ನೊಬ್ಬರ ಪಕ್ಕೆಲುಬು ಎಣಿಸುವ ಹಾಗೆ. ಡೊಳ್ಳುಹೊಟ್ಟೆಯ ಪಟೇಲರು ಮೆಟ್ಟಿಲಿಂದ ಧುಮುಕಿದರೆ ನೀರು ಕಟ್ಟೆಗೇ ಚಿಮ್ಮುತ್ತಿತ್ತು. ನಾವು ನಗುತ್ತಿದ್ದೆವು, ಅವರೂ ನಗುತ್ತಿದ್ದರು. ಮರುದಿನ ಮತ್ತೆ ಬರುತ್ತಿದ್ದರು. ಮನುಷ್ಯರ ಮೈ ನಾನಾ ನಮೂನೆ ಅಂತ ನಮಗೆ ಯಾರೂ ಪಾಠ ಮಾಡಲಿಲ್ಲ.

ಈಗ ಆ ಬಾವಿ ಬತ್ತಿದೆ. ನೀರು ಸಾವಿರ ಅಡಿ ಕೆಳಗೆ, ಕೊಳವೆಬಾವಿಯಲ್ಲಿ. ಅದರೊಳಗೆ ಯಾರು ಧುಮುಕುತ್ತಾರೆ? ನಿಮ್ಮ ಹುಡುಗ ನೋಡುವ ಬೆತ್ತಲೆ ಮೈ ಎರಡೇ: ಫೋನಿನ ಸಿಕ್ಸ್ ಪ್ಯಾಕು, ಕನ್ನಡಿಯ ತನ್ನದು. ಸೋಲದೆ ಇನ್ನೇನಾದೀತು? ಅದನ್ನು ಸಂಕೋಚ ಅಂತ ಹೊಗಳಬೇಡಿ, ಮೇಷ್ಟ್ರೇ. ಅವನಿಗೆ ನೋವಾಗುತ್ತಿದೆ.

ಫೋನನ್ನು ಬೈದು ಏನು ಬಂತು? ಮದುವೆ ಜಾಹೀರಾತಿನಲ್ಲಿ 'ಬೆಳ್ಳಗಿನ, ತೆಳ್ಳಗಿನ' ಹುಡುಗಿ ಕೇಳುವವರು ನಾವೇ. ಗಣೇಶನ ಹಬ್ಬಕ್ಕೆ ಕಟ್ಟುವ ಫ್ಲೆಕ್ಸ್ ನೋಡಿ. ಬಿಸಿಲಲ್ಲಿ ಕಪ್ಪಾದ ನಮ್ಮ ಮುಖಂಡರೆಲ್ಲ ಅದರಲ್ಲಿ ಹಾಲಲ್ಲಿ ಅದ್ದಿ ತೆಗೆದ ಹಾಗೆ!

ಅಂದಹಾಗೆ, ಪತ್ರದ ಜೊತೆ ನಿಮ್ಮ ಫೋಟೊನೂ ಕಳಿಸಿದ್ದೀರಿ. ಎರಡು ವರ್ಷದ ಹಿಂದೆ ತೆಂಗಿನ ಮಂಡಿಯ ಹತ್ತಿರ ಸಿಕ್ಕಿದ್ದಿರಿ, ನೆನಪಿದೆ. ನಿಮ್ಮ ಕೆನ್ನೆ ಮೇಲೊಂದು ಮಚ್ಚೆ ಇತ್ತಲ್ವಾ? ಸ್ಟುಡಿಯೋದವರು ಅಳಿಸಿಬಿಟ್ಟಿದ್ದಾರೆ. ಮಚ್ಚೆ ಇರುವ ಫೋಟೊ ಕಳಿಸಿ, ಮುಂದಿನ ಸಂಚಿಕೆಯಲ್ಲಿ ಹಾಕುತ್ತೇವೆ.

– ಸಂ.