ಓದುಗರ ಪ್ರಶ್ನೆ: ಹ್ಯಾಲೋವೀನ್‌ಗೆ ಮಕ್ಕಳ ಕೈಯಲ್ಲಿ ಏನು ಮಾಡಿಸೋಣ?

ಅಕ್ಟೋಬರ್ 31ರ ಹ್ಯಾಲೋವೀನ್‌ಗೆ ಐದರಿಂದ ಎಂಟು ವರ್ಷದ ಮಕ್ಕಳು ತಾವೇ ಮಾಡಬಹುದಾದ ಕರಕುಶಲ ಕೆಲಸಗಳ ಬಗ್ಗೆ ಈ ಬಾರಿ ಸಾಕಷ್ಟು ಪತ್ರಗಳು ಬಂದಿವೆ. ಬಹುಪಾಲು ಅಮೆರಿಕದ ಕನ್ನಡ ಮನೆಗಳಿಂದ, ಒಂದು ಬೆಂಗಳೂರಿನಿಂದ.

ಪ್ರಶ್ನೆ: ಮಗಳ ಒಂದನೇ ತರಗತಿಯ ಹ್ಯಾಲೋವೀನ್ ಪಾರ್ಟಿಗೆ ನಾನು ವಾಲಂಟಿಯರ್. 24 ಮಕ್ಕಳು, ಸಿಗುವುದು 20 ನಿಮಿಷ. ಬಣ್ಣ ಬಳಸುವಂತಿಲ್ಲ ಎಂದು ಟೀಚರ್ ಹೇಳಿದ್ದಾರೆ. ಏನು ಮಾಡಿಸಲಿ? (ಎಡಿಸನ್, ನ್ಯೂಜೆರ್ಸಿ)

ಕಾಗದದ ಪಟ್ಟಿಯ ಕುಂಬಳಕಾಯಿ ಮಾಡಿಸಿ. ಇದಕ್ಕೆ ಅಂಟು ಬೇಕಿಲ್ಲ, ಒಣಗಲು ಕಾಯಬೇಕಿಲ್ಲ, ಮಗು ಅದನ್ನು ಅಂದೇ ಬ್ಯಾಗಿಗೆ ಹಾಕಿಕೊಂಡು ಹೋಗಬಹುದು. ತರಗತಿಯ ಕ್ರಾಫ್ಟ್ ಕೆಡುವುದು ಹೆಚ್ಚಾಗಿ ಒಣಗುವ ಹೊತ್ತು ಸಾಲದೆ. ಟೀಚರ್ ಬಣ್ಣ ಬೇಡ ಎಂದದ್ದು ಒಳ್ಳೆಯದೇ ಆಯಿತು.

ಒಂದು ಮಗುವಿಗೆ ಬೇಕಾದದ್ದು 1 ಇಂಚು ಅಗಲ, 8½ ಇಂಚು ಉದ್ದದ ಎಂಟು ಕಿತ್ತಳೆ ಪಟ್ಟಿ, ಮುಕ್ಕಾಲು ಇಂಚಿನ ಎರಡು ಬ್ರ್ಯಾಡ್ (ಕಾಲು ಬಿಡಿಸಿ ಮಡಚುವ ಹಿತ್ತಾಳೆ ಪಿನ್), ತೊಟ್ಟಿಗೆ ಅರ್ಧ ಹಸಿರು ಪೈಪ್ ಕ್ಲೀನರ್ (ಮೆತ್ತನೆ ನಾರು ಸುತ್ತಿದ, ಬಾಗುವ ತಂತಿ). ಮಾಮೂಲಿ ಲೆಟರ್ ಅಳತೆಯ (8½ × 11 ಇಂಚು) ಒಂದು ಹಾಳೆಯಲ್ಲಿ ಹನ್ನೊಂದು ಪಟ್ಟಿ ಬರುತ್ತವೆ. 24 ಮಕ್ಕಳಿಗೆ 192 ಪಟ್ಟಿ ಎಂದರೆ 18 ಹಾಳೆ. ಹರಿದುಹೋಗುವ ಲೆಕ್ಕವೂ ಸೇರಿ 20 ಹಾಳೆ ತನ್ನಿ. ದಪ್ಪನೆಯ ಕಾರ್ಡ್‌ಸ್ಟಾಕ್ ಹಾಳೆಯೇ ಇರಲಿ. ಶಾಲೆಯ ಒರಟು ಬಣ್ಣದ ಕಾಗದ, ಅಂದರೆ ಕನ್‌ಸ್ಟ್ರಕ್ಷನ್ ಪೇಪರ್, ಬಾಗಿಸಿದ ಕಡೆ ಮಡಿಕೆ ಬೀಳುತ್ತದೆ, ತೂತಿನ ಹತ್ತಿರ ಹರಿಯುತ್ತದೆ.

ಕತ್ತರಿಸುವುದು, ತೂತು ಹಾಕುವುದು ಎರಡನ್ನೂ ಹಿಂದಿನ ರಾತ್ರಿ ಮನೆಯಲ್ಲೇ ಮುಗಿಸಿ. ಪಟ್ಟಿಯ ಎರಡೂ ತುದಿಯಿಂದ ಅರ್ಧ ಇಂಚು ಒಳಗೆ, ಅಗಲದ ನಡುಮಧ್ಯೆ ತೂತು ಬರಬೇಕು. ಒಂದು ಸಲಕ್ಕೆ ಮೂರು ಪಟ್ಟಿಗಿಂತ ಹೆಚ್ಚು ಪಂಚ್ ಮಾಡಿದರೆ ಕೆಳಗಿನದರ ತೂತು ಸರಿದುಹೋಗಿರುತ್ತದೆ, ಆಮೇಲೆ ಮಗು ಬ್ರ್ಯಾಡ್ ತೂರಿಸಲಾಗದೆ ಒದ್ದಾಡುತ್ತದೆ. ಎಂಟೆಂಟು ಪಟ್ಟಿ, ಎರಡೆರಡು ಬ್ರ್ಯಾಡ್, ಪೈಪ್ ಕ್ಲೀನರ್ ಸೇರಿಸಿ ಒಂದೊಂದು ಕವರಿಗೆ ಹಾಕಿಡಿ.

ತರಗತಿಯಲ್ಲಿ ಮಕ್ಕಳು ಮಾಡಬೇಕಾದ್ದು ಇಷ್ಟು. ಎಂಟು ಪಟ್ಟಿಗಳನ್ನು ಒಂದರ ಮೇಲೊಂದು ಜೋಡಿಸಿ ಎರಡೂ ತುದಿಗೆ ಬ್ರ್ಯಾಡ್ ತೂರಿಸುವುದು. ಎರಡರ ತಲೆಯೂ ಒಂದೇ ಕಡೆ ಇರಬೇಕು. ಒಂದು ತಲೆಕೆಳಗಾದರೆ ಅದರ ಕಾಲು ಕುಂಬಳಕಾಯಿಯ ಹೊರಗೆ ಬಂದು ಚುಚ್ಚುತ್ತದೆ. ಕಾಲುಗಳನ್ನು ಮಡಚುವಾಗ ಬಿಗಿ ಮಾಡಬಾರದು, ಪಟ್ಟಿಗಳು ತಿರುಗುವಷ್ಟು ಸಡಿಲ ಇರಲಿ. ಆಮೇಲೆ ಇಡೀ ಕಟ್ಟನ್ನು, ಬ್ರ್ಯಾಡ್ ತಲೆಗಳು ಹೊರಕ್ಕೆ ಬರುವಂತೆ, ಬಿಲ್ಲಿನ ಹಾಗೆ ಬಾಗಿಸಿ ಹಿಡಿದು, ತೀರಾ ಹೊರಗಿನ ಪಟ್ಟಿಯಿಂದ ಶುರುಮಾಡಿ ಒಂದೊಂದನ್ನೇ ಸುತ್ತ ಸರಿಸುತ್ತ ಹೋಗುವುದು. ಬಾಗಿಸುವ ಮೊದಲೇ ಪಟ್ಟಿ ಬಿಡಿಸಿದರೆ ಎಲ್ಲ ಒಂದರೊಳಗೊಂದು ಸಿಕ್ಕಿಕೊಳ್ಳುತ್ತದೆ. ಮಕ್ಕಳು ಎಡವುವುದು ಇಲ್ಲೇ, ಹಾಗಾಗಿ ಈ ಹಂತವನ್ನು ನೀವು ಒಮ್ಮೆ ಮುಂದೆ ನಿಂತು ನಿಧಾನವಾಗಿ ಮಾಡಿ ತೋರಿಸಿ. ಮೇಲಿನ ಬ್ರ್ಯಾಡ್‌ಗೆ ಪೈಪ್ ಕ್ಲೀನರ್ ಸುತ್ತಿ, ತುದಿಯನ್ನು ಪೆನ್ಸಿಲ್‌ಗೆ ಸುರುಳಿ ಮಾಡಿದರೆ ಬಳ್ಳಿ ಆಯಿತು.

ಕೆಲವು ಶಾಲೆಗಳು ಹ್ಯಾಲೋವೀನ್ ಎನ್ನದೆ ಫಾಲ್ (ಶರತ್ಕಾಲದ) ಪಾರ್ಟಿ ಎನ್ನುತ್ತವೆ, ಅಲ್ಲಿ ದೆವ್ವ, ತಲೆಬುರುಡೆ ಬೇಡ ಎನ್ನಬಹುದು. ಕುಂಬಳಕಾಯಿಗೆ ಯಾರ ತಕರಾರೂ ಇರುವುದಿಲ್ಲ.

ಪ್ರಶ್ನೆ: ಆರು ವರ್ಷದ ಮಗ ಎಡಗೈಯಲ್ಲಿ ಕತ್ತರಿ ಹಿಡಿಯುತ್ತಾನೆ. ಬಾವಲಿಯ ರೆಕ್ಕೆ ಕತ್ತರಿಸಿದರೆ ಅಂಚೆಲ್ಲ ಹರಿದ ಹಾಗೆ ಬರುತ್ತದೆ. "ಎರಡೂ ಕೈಗೆ ಆಗುತ್ತದೆ" ಎಂದು ಬರೆದಿದ್ದ ಕತ್ತರಿ ತಂದೆವು, ಏನೂ ವ್ಯತ್ಯಾಸ ಕಾಣಲಿಲ್ಲ. (ಪ್ಲೇನೋ, ಟೆಕ್ಸಾಸ್)

ದೋಷ ಮಗುವಿನದಲ್ಲ, ಕತ್ತರಿಯ ಅಲಗಿನದು. ಎರಡೂ ಕೈಗೆ ಎನ್ನುವ ಕತ್ತರಿಗಳಲ್ಲಿ ಹಿಡಿ ಮಾತ್ರ ಎರಡು ಕಡೆಗೂ ಸಮನಾಗಿರುತ್ತದೆ, ಅಲಗು ಮಾತ್ರ ಬಲಗೈಯವರಿಗೆ ಜೋಡಿಸಿದ ಹಾಗೇ ಇರುತ್ತದೆ. ಬಲಗೈಯವರು ಒತ್ತಿದಾಗ ಎರಡು ಅಲಗುಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ. ಅದೇ ಕತ್ತರಿಯನ್ನು ಎಡಗೈಯಲ್ಲಿ ಒತ್ತಿದರೆ ಅವು ದೂರ ಸರಿಯುತ್ತವೆ, ನಡುವೆ ಕಾಗದ ಕತ್ತರಿಸುವ ಬದಲು ಮಡಚಿಕೊಳ್ಳುತ್ತದೆ. ಸಾಲದ್ದಕ್ಕೆ ಮೇಲಿನ ಅಲಗು ಬರೆದ ಗೆರೆಯನ್ನೇ ಮುಚ್ಚಿಬಿಡುತ್ತದೆ. ಎಡ ಅಲಗು ಮೇಲಿರುವ, ಎಡಗೈಗೆಂದೇ ಮಾಡಿದ 5 ಇಂಚಿನ ಮೊಂಡು ತುದಿಯ ಕತ್ತರಿ ಕೇಳಿ ತನ್ನಿ.

ಕತ್ತರಿಸುವ ದಿಕ್ಕನ್ನೂ ಬದಲಿಸಿ. ಬಲಗೈ ಮಕ್ಕಳು ಆಕಾರದ ಸುತ್ತ ಗಡಿಯಾರದ ಮುಳ್ಳಿಗೆ ಎದುರು ದಿಕ್ಕಿನಲ್ಲಿ ಹೋಗುತ್ತಾರೆ, ಎಡಗೈ ಮಕ್ಕಳು ಮುಳ್ಳಿನ ದಿಕ್ಕಿನಲ್ಲೇ ಹೋಗಬೇಕು. ತಿರುವು ಬಂದಾಗ ಕತ್ತರಿ ತಿರುಗಿಸಬಾರದು, ಇನ್ನೊಂದು ಕೈಯಲ್ಲಿರುವ ಕಾಗದವನ್ನು ತಿರುಗಿಸಬೇಕು. ಇದು ಎಲ್ಲ ಮಕ್ಕಳಿಗೂ ಹೇಳಿಕೊಡಬೇಕಾದ ಪಾಠ.

ಇನ್ನು ಬಾವಲಿ. ಕಪ್ಪು ಹಾಳೆಯ ಮೇಲೆ ಸಾದಾ ಪೆನ್ಸಿಲ್ ಗೆರೆ ಕಾಣುವುದಿಲ್ಲ, ಬಿಳಿ ಬಣ್ಣದ ಪೆನ್ಸಿಲ್‌ನಲ್ಲಿ ಬರೆದುಕೊಡಿ. ರೆಕ್ಕೆಯ ಕೆಳ ಅಂಚಿಗೆ ಸಣ್ಣಸಣ್ಣ ಏಳೆಂಟು ಕಮಾನು ಬೇಡ, ದೊಡ್ಡ ಮೂರು ಸಾಕು. ಎರಡು ರೆಕ್ಕೆ ಒಂದೇ ಥರ ಬರಲಿ ಎಂದು ಹಾಳೆ ಮಡಚಿ ಕೊಡಬೇಡಿ. ದಪ್ಪ ಹಾಳೆ ಎರಡು ಪದರವಾದರೆ ಈ ವಯಸ್ಸಿನ ಬೆರಳುಗಳಿಗೆ ಕತ್ತರಿಸುವ ಬಲ ಸಾಲದು. ಒಂದು ರೆಕ್ಕೆ ಕತ್ತರಿಸಿ, ಅದನ್ನೇ ಮಗುಚಿಟ್ಟು ಇನ್ನೊಂದರ ಗೆರೆ ಎಳೆದುಕೊಳ್ಳಲಿ. ಮೈಗೆ ಟಾಯ್ಲೆಟ್ ಪೇಪರ್ ರೋಲ್ ಸಾಕು. ಮೇಲಿನ ಅಂಚನ್ನು ಮುಂದಿನಿಂದ ಒಮ್ಮೆ, ಹಿಂದಿನಿಂದ ಒಮ್ಮೆ ಒಳಕ್ಕೆ ಅದುಮಿದರೆ ಎರಡು ಕಿವಿ ತಾವಾಗಿ ಮೂಡುತ್ತವೆ. ರೋಲ್‌ಗೆ ನೀರು ಬಣ್ಣ ಬಳಿದರೆ ಸುರುಳಿ ಸುತ್ತಿದ ಕೀಲು ನೆನೆದು ಬಿಚ್ಚಿಕೊಳ್ಳುತ್ತದೆ. ಬಣ್ಣದ ಬದಲು ರೋಲ್‌ನ ಎತ್ತರದಷ್ಟೇ ಅಗಲದ, 6 ಇಂಚು ಉದ್ದದ ಕಪ್ಪು ಕಾಗದ ಸುತ್ತಿ ಅಂಟಿಸಿ, ಕಿವಿಯನ್ನು ಆಮೇಲೆ ಅದುಮಿ.

ಪ್ರಶ್ನೆ: ಬಟ್ಟೆಯನ್ನು ಗಟ್ಟಿ ಮಾಡಿ ನಿಲ್ಲಿಸುವ ದೆವ್ವ ಮಾಡಬೇಕೆಂದಿದ್ದೇವೆ. ಅಂಗಡಿಯ ಸ್ಟಾರ್ಚ್ ಬದಲು ಅನ್ನದ ಗಂಜಿ ಆಗುತ್ತದೆಯೇ? ಹಳೇ ಪಂಚೆ ಇದೆ. ಕಳೆದ ವರ್ಷ ಮಾಡಿದ್ದು ಬೆಳಗಾಗುವಷ್ಟರಲ್ಲಿ ಕುಸಿದಿತ್ತು. (ಫ್ರೀಮಾಂಟ್, ಕ್ಯಾಲಿಫೋರ್ನಿಯಾ)

ಪಂಚೆ ಒಗೆದು ಒಗೆದು ತೆಳ್ಳಗಾಗಿದ್ದರೆ ಇದಕ್ಕಿಂತ ಒಳ್ಳೆಯ ಬಟ್ಟೆ ಇಲ್ಲ. ಹೊಸದಾಗಿ ಇನ್ನೂ ದಪ್ಪಗಿದ್ದರೆ ತನ್ನ ಭಾರಕ್ಕೇ ಕುಸಿಯುತ್ತದೆ, ಆಗ ಚೀಸ್‌ಕ್ಲಾತ್ (ತೆಳ್ಳನೆ ಜಾಳು ಹತ್ತಿ ಬಟ್ಟೆ) ಕೊಳ್ಳಿ. ಗಂಜಿಯೂ ಆಗುತ್ತದೆ. ಆದರೆ ಅನ್ನ ಬಸಿದ ತಿಳಿ ಸಾಲದು. ಅನ್ನವನ್ನು ಹೆಚ್ಚು ನೀರಿನಲ್ಲಿ ಮುದ್ದೆಯಾಗುವ ತನಕ ಬೇಯಿಸಿ, ಕಿವುಚಿ, ಸೋಸಿದ ಮಂದ ಗಂಜಿ ಬೇಕು. ತೇವ ಇರುವ ಜಾಗದಲ್ಲಿ ಇದು ಬೂಷ್ಟು ಹಿಡಿಯುತ್ತದೆ, ಇರುವೆಯನ್ನೂ ಕರೆಯುತ್ತದೆ. ದೆವ್ವ ಒಂದು ವಾರ ಮನೆಯೊಳಗೆ ನಿಂತರೆ ಸಾಕು ಎನ್ನುವವರಿಗೆ ಮಾತ್ರ ಇದು ಸರಿ. ಇದಕ್ಕಿಂತ ನಂಬಬಹುದಾದದ್ದು ಕಾರ್ನ್‌ಸ್ಟಾರ್ಚ್. ಎರಡು ದೊಡ್ಡ ಚಮಚ ಪುಡಿಯನ್ನು ಮೊದಲು ಸ್ವಲ್ಪ ತಣ್ಣೀರಿನಲ್ಲಿ ಕದಡಿ, ಉಳಿದ ನೀರು ಸೇರಿ ಒಂದು ಕಪ್ ಆಗುವಂತೆ ಮಾಡಿ, ಪಾರದರ್ಶಕವಾಗಿ ಮಂದವಾಗುವ ತನಕ ಕಾಯಿಸಿ. ಒಲೆಯ ಕೆಲಸ ದೊಡ್ಡವರದ್ದು. ಪೂರ್ತಿ ಆರಿದ ಮೇಲೆ ಮಗುವಿನ ಕೈಗೆ ಕೊಡಿ.

ನಿಲ್ಲಿಸುವ ಅಚ್ಚಿಗೆ 4 ಇಂಚು ಎತ್ತರದ ಸ್ಟೀಲ್ ಲೋಟ ಬೋರಲು ಹಾಕಿ, ಮೇಲೆ ಎರಡೂವರೆ ಇಂಚಿನ ಫಾಯಿಲ್ ಉಂಡೆ ಟೇಪಿನಿಂದ ಅಂಟಿಸಿ, ಅಷ್ಟಕ್ಕೂ ಕ್ಲಿಂಗ್ ಫಿಲ್ಮ್ ಸುತ್ತಿ. ಫಿಲ್ಮ್ ಮರೆತರೆ ಬಟ್ಟೆ ಲೋಟಕ್ಕೆ ಅಂಟಿ ತೆಗೆಯುವಾಗ ಹರಿಯುತ್ತದೆ. ಬಟ್ಟೆ 18 ಇಂಚಿನ ಚೌಕ ಇರಲಿ. ಹೊದಿಸಿದಾಗ ನಾಲ್ಕೂ ಕಡೆ ಒಂದೂವರೆ ಇಂಚಿನಷ್ಟು ಅಂಚು ನೆಲ ಮುಟ್ಟಿ ಹರಡಬೇಕು. ದೆವ್ವ ನಿಲ್ಲುವುದು ಆ ಅಂಚಿನ ಮೇಲೆಯೇ. ಅಂಚು ನೆಲ ಮುಟ್ಟದಿದ್ದರೆ ಲೋಟ ತೆಗೆದ ಕ್ಷಣ ಬೀಳುತ್ತದೆ.

ಕಳೆದ ವರ್ಷದ್ದು ಕುಸಿಯಲು ಎರಡರಲ್ಲಿ ಒಂದು ಕಾರಣ ಇರಬಹುದು. ಒಂದು, ಬಟ್ಟೆಯನ್ನು ಗಂಜಿಯಿಂದ ತೆಗೆದಾಗ ಹಿಂಡದೆ ಹಾಗೇ ಹೊದಿಸಿದ್ದು. ತೊಟ್ಟಿಕ್ಕುವುದು ನಿಲ್ಲುವ ತನಕ ಹಿಂಡಬೇಕು. ಇನ್ನೊಂದು, ಒಳಗೆ ಇನ್ನೂ ಹಸಿ ಇರುವಾಗಲೇ ಅಚ್ಚು ತೆಗೆದದ್ದು. ಹೊರಗೆ ಕೈಗೆ ಒಣಗಿದ ಹಾಗೆ ಕಂಡರೂ ಉಂಡೆಯ ಕೆಳಗಿನ ಮಡಿಕೆಗಳಲ್ಲಿ ತೇವ ಉಳಿದಿರುತ್ತದೆ. ಒಂದು ಪೂರ್ತಿ ದಿನ ಫ್ಯಾನ್ ಎದುರು ಬಿಡಿ. ಅಚ್ಚಿಗೆ ಬಲೂನ್ ಬಳಸುವ ವಿಧಾನವೂ ಇದೆ. ಆದರೆ ಒಡೆದ ಬಲೂನಿನ ಚೂರು ಎಂಟು ವರ್ಷದೊಳಗಿನ ಮಕ್ಕಳ ಗಂಟಲಿಗೆ ಸಿಕ್ಕಿ ಉಸಿರುಗಟ್ಟಬಹುದು, ಬೇಡವೇ ಬೇಡ.

ಪ್ರಶ್ನೆ: ಕುಂಬಳಕಾಯಿ ಕೊರೆಯುವುದು ಬೇಡ, ಬಣ್ಣ ಬಳಿಯೋಣ ಎಂದರೆ ಶಾಲೆಯ ಬಣ್ಣ ಸಿಪ್ಪೆ ಸಿಪ್ಪೆಯಾಗಿ ಉದುರುತ್ತದೆ. ಹಬ್ಬ ಮುಗಿದ ಮೇಲೆ ಅದೇ ಕಾಯಿಯಲ್ಲಿ ಹುಳಿ ಮಾಡಬಹುದೇ? (ನೇಪರ್‌ವಿಲ್, ಇಲಿನಾಯ್)

ಕುಂಬಳದ ಸಿಪ್ಪೆಯ ಮೇಲೆ ಮೇಣದಂಥ ಪದರ ಇರುತ್ತದೆ. ತೊಳೆದರೆ ಹೋಗುವ ಶಾಲೆಯ ಟೆಂಪರಾ ಬಣ್ಣ ಅದರ ಮೇಲೆ ನಿಲ್ಲುವುದಿಲ್ಲ. ಸೋಪಿನಲ್ಲಿ ತೊಳೆದು, ಒರೆಸಿ, ಪೂರ್ತಿ ಒಣಗಿದ ಮೇಲೆ ಹತ್ತಿಗೆ ರಬ್ಬಿಂಗ್ ಆಲ್ಕೋಹಾಲ್ ಹಾಕಿ ಒಮ್ಮೆ ನೀವೇ ಒರೆಸಿ. ಅಕ್ರಿಲಿಕ್ ಬಣ್ಣವನ್ನು ತೆಳುವಾಗಿ ಎರಡು ಸಲ ಬಳಿಯಲಿ, ನಡುವೆ ಅರ್ಧ ಗಂಟೆ ಬಿಡುವು ಕೊಡಿ. ದಪ್ಪಗೆ ಒಂದೇ ಸಲ ಬಳಿದರೆ ಸಿಪ್ಪೆ ಏಳುತ್ತದೆ. ಅಕ್ರಿಲಿಕ್ ಒಣಗಿದರೆ ಬಟ್ಟೆಯಿಂದ ಹೋಗುವುದಿಲ್ಲ, ಹಳೇ ಅಂಗಿ ಹಾಕಿಸಿ. ತೊಟ್ಟು ಹಿಡಿದು ಎತ್ತಲು ಬಿಡಬೇಡಿ. ತೊಟ್ಟು ಮುರಿದ ಜಾಗದಿಂದಲೇ ಕೊಳೆಯಲು ಶುರುವಾಗುತ್ತದೆ. ಕೊರೆದ ಕಾಯಿ ಒಂದು ವಾರ ಉಳಿದರೆ ಹೆಚ್ಚು, ಬಣ್ಣ ಬಳಿದ ಇಡೀ ಕಾಯಿ ಮಳೆಗೆ ನೆನೆಯದೆ, ಹಿಮ ತಾಗದೆ ಇದ್ದರೆ ಹಲವು ವಾರ ಇರುತ್ತದೆ.

ಬಣ್ಣ ಬಳಿದದ್ದರಲ್ಲಿ ಹುಳಿ ಬೇಡ. ಬಣ್ಣ ಬಳಿಯದಿದ್ದರೂ ಕೊರೆಯಲೆಂದು ಮಾರುವ ಹೌಡನ್‌ನಂಥ ದೊಡ್ಡ ತಳಿಗಳಲ್ಲಿ ನಾರು, ನೀರು ಜಾಸ್ತಿ, ನಮ್ಮ ಸಿಹಿಗುಂಬಳದ ರುಚಿ ಬರುವುದಿಲ್ಲ. ಹುಳಿಗೂ ಪಲ್ಯಕ್ಕೂ ಪೈ ಪಂಪ್‌ಕಿನ್ ಅಥವಾ ಶುಗರ್ ಪಂಪ್‌ಕಿನ್ ಎಂದು ಮಾರುವ ಪುಟ್ಟ ಕಾಯಿಯನ್ನು ಬೇರೆಯಾಗಿ ತನ್ನಿ.

ಪ್ರಶ್ನೆ: ನಮ್ಮ ಅಪಾರ್ಟ್‌ಮೆಂಟಿನ ಮಕ್ಕಳೆಲ್ಲ ಸೇರಿ ಪೇಪರ್ ಪ್ಲೇಟಿನ ಜೇಡರ ಬಲೆ ಮಾಡಬೇಕು. ಇಲ್ಲಿ ಸಿಗುವ ಪ್ಲೇಟಿಗೆ ಬಣ್ಣ ಹಿಡಿಯುವುದಿಲ್ಲ. (ವೈಟ್‌ಫೀಲ್ಡ್, ಬೆಂಗಳೂರು)

ನಿಮಗೆ ಸಿಕ್ಕಿರುವುದು ಬೆಳ್ಳಿ ಹೊಳಪಿನ ಪದರವಿರುವ ಪ್ಲೇಟ್ ಇರಬೇಕು. ಅದನ್ನು ಬಿಟ್ಟು, ಕೊರಿಯರ್ ಡಬ್ಬದ ರಟ್ಟಿನಲ್ಲಿ 9 ಇಂಚಿನ ವೃತ್ತ ಕತ್ತರಿಸಿ, ಒಳಗೆ 6½ ಇಂಚಿನ ವೃತ್ತ ತೆಗೆದು ಬಳೆ ಮಾಡಿಕೊಡಿ. ಬಳೆಗೆ ಹನ್ನೆರಡು ತೂತು. ಬಿಳಿ ಉಲ್ಲನ್ ದಾರವನ್ನು ಎದುರುಬದುರು ತೂತುಗಳಿಗೆ ಹೇಗೆ ಬೇಕಾದರೂ ಪೋಣಿಸುತ್ತ ಹೋಗಲಿ. ಒಟ್ಟು ಎರಡು ಮೀಟರಿಗಿಂತ ತುಸು ಹೆಚ್ಚು ಬೇಕಾಗುತ್ತದೆ. ಆದರೆ ಒಂದೇ ಉದ್ದ ದಾರ ಕೊಟ್ಟರೆ ಗಂಟು ಬೀಳುತ್ತದೆ, ಒಂದೊಂದು ಮೀಟರಿನ ತುಂಡು ಕೊಟ್ಟು ನಡುವೆ ಕಟ್ಟಿಕೊಡಿ. ತುದಿಗೆ ಸೆಲೋಟೇಪ್ ಸುತ್ತಿ ಶೂ ಲೇಸಿನ ತುದಿಯಂತೆ ಮಾಡಿದರೆ ಸೂಜಿ ಬೇಡ. ಏಳೆಂಟು ವರ್ಷದವರು ಮೇಲೆ ಕೆಳಗೆ ಹೆಣೆಯಲು ಕೇಳಿದರೆ, ನಡುವಿನಿಂದ ಹೊರಡುವ ಎಳೆಗಳು ಬೆಸ ಸಂಖ್ಯೆಯಲ್ಲಿರಲಿ, ಏಳು ಅಥವಾ ಒಂಬತ್ತು. ಸರಿ ಸಂಖ್ಯೆಯಾದರೆ ಎರಡನೇ ಸುತ್ತಿನಲ್ಲೂ ದಾರ ಅದೇ ಎಳೆಯ ಮೇಲೇ ಹಾದು ಹೆಣಿಗೆ ಕೂರುವುದೇ ಇಲ್ಲ. ಜೇಡಕ್ಕೆ ನಾಲ್ಕು ಪೈಪ್ ಕ್ಲೀನರ್ ತುಂಡನ್ನು ನಡುವೆ ತಿರುಚಿದರೆ ಎಂಟು ಕಾಲು ಸಿಕ್ಕವು.

ಪ್ರಶ್ನೆ: ಗಾಜಿನ ಜಾರಿಗೆ ಗಾಯಕ್ಕೆ ಕಟ್ಟುವ ಗಾಜ್ ಬಟ್ಟೆಯ ಪಟ್ಟಿ ಸುತ್ತಿ ಮಾಡುವ ಮಮ್ಮಿ (ಈಜಿಪ್ಟಿನ, ಬಟ್ಟೆ ಸುತ್ತಿಟ್ಟ ಶವ) ದೀಪದಲ್ಲಿ ಪಟ್ಟಿ ಜಾರುತ್ತದೆ. (ರೆಡ್ಮಂಡ್, ವಾಷಿಂಗ್ಟನ್)

ಗ್ಲೂ ಸ್ಟಿಕ್ ಗಾಜಿಗೆ ಹಿಡಿಯುವುದಿಲ್ಲ. ಜಾರಿನ ಮೇಲಿಂದ ಕೆಳಕ್ಕೆ ಎರಡು ಸಾಲು ಡಬಲ್ ಸೈಡ್ ಟೇಪ್ ಅಂಟಿಸಿ, ಅದರ ಮೇಲೆ ಸುತ್ತಿ. ಒಂದು ಪಿಂಟ್ (ಸುಮಾರು ಅರ್ಧ ಲೀಟರ್) ಜಾರಿಗೆ 2 ಇಂಚು ಅಗಲದ ಪಟ್ಟಿ ಒಂದೂವರೆ ಗಜ ಸಾಕು. ಒಳಗೆ ಬ್ಯಾಟರಿಯ ಟೀ ಲೈಟನ್ನೇ ಇಡಿ, ಮೇಣದಬತ್ತಿ ಬೇಡ. ಬ್ಯಾಟರಿ ಮುಚ್ಚಳಕ್ಕೆ ಸ್ಕ್ರೂ ಇದೆಯೇ ನೋಡಿಯೇ ಕೊಳ್ಳಿ. ಅದರೊಳಗಿನ ನಾಣ್ಯದಂಥ ಸೆಲ್ ನುಂಗಿದರೆ ಕೆಲವೇ ಗಂಟೆಗಳಲ್ಲಿ ಅನ್ನನಾಳ ಸುಡುತ್ತದೆ. ಇಂಥ ಸೆಲ್ ಮಕ್ಕಳ ಕೈಗೆ ಸಿಗದ ಹಾಗಿರಬೇಕೆಂದು ಅಮೆರಿಕದಲ್ಲಿ 2022ರಲ್ಲಿ ಕಾನೂನೇ ಬಂದಿದೆ.

ಪ್ರಶ್ನೆ: ಮಗನ ಗೆಳೆಯನಿಗೆ ಕಡಲೆಕಾಯಿ ಅಲರ್ಜಿ. ಲಾಲಿಪಾಪ್ ಮೇಲೆ ಟಿಶ್ಯೂ ಕಟ್ಟಿದ ದೆವ್ವ ಹಂಚಬಹುದೇ? (ಕ್ಯಾರಿ, ನಾರ್ತ್ ಕೆರೊಲಿನಾ)

ಲಾಲಿಪಾಪ್ ಬದಲು ಪೆನ್ಸಿಲ್ ಬಳಸಿ. ಒಂದು ಟಿಶ್ಯೂವನ್ನು ಉಂಡೆ ಮಾಡಿ ಪೆನ್ಸಿಲ್‌ನ ರಬ್ಬರ್ ತುದಿಯ ಮೇಲಿಟ್ಟು, ಇನ್ನೊಂದನ್ನು ಹೊದಿಸಿ, ಕುತ್ತಿಗೆಗೆ ದಾರ ಬಿಗಿದು ಕಟ್ಟಿದರೆ ಆಯಿತು. ಕಣ್ಣನ್ನು ಕಟ್ಟುವ ಮೊದಲೇ ಬರೆಯಬೇಡಿ, ಮಡಿಕೆಯೊಳಗೆ ಹೋಗಿಬಿಡುತ್ತದೆ. ಮಾರ್ಕರ್ ತುದಿ ಒತ್ತಿ ಹಿಡಿದರೆ ಶಾಯಿ ಹರಡುತ್ತದೆ, ಮೆಲ್ಲಗೆ ಚುಕ್ಕೆ ಇಟ್ಟರೆ ಸಾಕು. ಹ್ಯಾಲೋವೀನ್ ಸಂಜೆ ಮನೆ ಬಾಗಿಲಿಗೆ ಬರುವ ಮಕ್ಕಳಿಗೂ ತಿಂಡಿಯ ಬದಲು ಇಂಥದ್ದನ್ನೇ ಕೊಡುವುದಾದರೆ ಒಂದು ಕುಂಬಳಕಾಯಿಗೆ ನೀಲಿ ಹಸಿರು ಬೆರೆತ ಟೀಲ್ ಬಣ್ಣ ಬಳಿದು ಹೊರಗಿಡಿ. 2014ರಿಂದ ಅಮೆರಿಕದಾದ್ಯಂತ ಈ ಗುರುತು ಚಾಲ್ತಿಯಲ್ಲಿದೆ. ಅದನ್ನು ಕಂಡ ಅಲರ್ಜಿ ಮಕ್ಕಳ ಮನೆಯವರು ಹೆದರದೆ ನಿಮ್ಮ ಬಾಗಿಲು ತಟ್ಟುತ್ತಾರೆ.