ಕೇಳಿ, ಹೇಳುತ್ತೇವೆ: ಮಲೆನಾಡಿನ ಮನೆಯಲ್ಲಿ ವಿಕ್ಕಾ

ಮಾಟ, ಮಂತ್ರ, ಇಂಗ್ಲೆಂಡಿನಿಂದ ಬಂದ ವಿಕ್ಕಾ ಎಂಬ ಧರ್ಮದ ಬಗ್ಗೆ ಪ್ರಶ್ನೆ ಕಳಿಸಿ ಎಂದು ಕಳೆದ ಸಂಚಿಕೆಯಲ್ಲಿ ಕೇಳಿದ್ದೆವು. ಹಾಸನ, ಚಿಕ್ಕಮಗಳೂರು ಜಿಲ್ಲೆಗಳಿಂದ ಬಂದ ಪತ್ರಗಳಲ್ಲಿ ಕೆಲವನ್ನು ಇಲ್ಲಿ ಆರಿಸಿಕೊಂಡಿದ್ದೇವೆ. ಹೆಸರು ಹಾಕಬೇಡಿ ಎಂದವರೇ ಹೆಚ್ಚು, ಹಾಗಾಗಿ ಊರು ಮಾತ್ರ.

ಬೆಂಗಳೂರಿನಲ್ಲಿ ಓದುವ ಮಗಳು ರಜೆಗೆ ಬಂದಿದ್ದಾಳೆ. ಕೋಣೆಯಲ್ಲಿ ಸ್ಟೂಲಿನ ಮೇಲೆ ಎರಡು ಮೇಣದಬತ್ತಿ, ಐದು ಮೂಲೆ ನಕ್ಷತ್ರದ ತಟ್ಟೆ, ಕಪ್ಪು ಹಿಡಿಯ ಚಾಕು ಇಟ್ಟಿದ್ದಾಳೆ. ‘ಅಮ್ಮ, ಇದು ವಿಕ್ಕಾ, ಒಂದು ಧರ್ಮ’ ಅಂತಾಳೆ. ನಮ್ಮತ್ತೆ ಮಾಟ ಎಂದು ಹೆದರಿ ಆ ಕೋಣೆಗೇ ಕಾಲಿಡುತ್ತಿಲ್ಲ. ಏನಿದು?
(ಗೃಹಿಣಿ, ಚಿಕ್ಕಮಗಳೂರು)

ಅತ್ತೆಯವರಿಗೆ ಮೊದಲು ಇದನ್ನು ಹೇಳಿ: ವಿಕ್ಕಾದಲ್ಲಿ ಸೈತಾನನೇ ಇಲ್ಲ. ಅವರು ಪೂಜಿಸುವುದು ಒಬ್ಬ ದೇವಿಯನ್ನು, ಜೊತೆಗೆ ಕೊಂಬುಳ್ಳ ಒಬ್ಬ ದೇವನನ್ನು. ಆ ಕೊಂಬು ಜಿಂಕೆಯದು, ಕಾಡಿನ ಒಡೆಯ ಅನ್ನುವುದರ ಗುರುತು. ಸೈತಾನನಿಗೂ ಕೊಂಬು ಬರೆಯುತ್ತಾರಲ್ಲ, ಅರ್ಧ ಅಪಾರ್ಥ ಹುಟ್ಟಿದ್ದೇ ಆ ಕೊಂಬಿನಿಂದ.

ಧರ್ಮ ಹೊಸದು. ಮಾಟದ ಶಕ್ತಿ ಇದೆ ಎಂದು ಹೇಳಿಕೊಳ್ಳುವವರನ್ನು ಶಿಕ್ಷಿಸುತ್ತಿದ್ದ ಇಂಗ್ಲೆಂಡಿನ 1735ರ ವಿಚ್‌ಕ್ರಾಫ್ಟ್ ಕಾಯ್ದೆ 1951ರಲ್ಲಿ ರದ್ದಾಯಿತು. ಆ ಮೇಲೆ 1954ರಲ್ಲಿ ಜೆರಾಲ್ಡ್ ಗಾರ್ಡ್ನರ್ ಎಂಬ ಇಂಗ್ಲಿಷ್ ಗೃಹಸ್ಥರು ಪುಸ್ತಕ ಬರೆದು ಇದನ್ನು ಬಯಲಿಗೆ ತಂದರು. ಎಸ್ಟೇಟಿನ ಓದುಗರಿಗೆ ಒಂದು ಸ್ವಾರಸ್ಯ: ಗಾರ್ಡ್ನರ್ ಹುಡುಗನಾಗಿದ್ದಾಗ ಸಿಲೋನಿನ ಟೀ ತೋಟದಲ್ಲಿ ಕೆಲಸ ಕಲಿತವರು, ಆಮೇಲೆ ಮಲಯದಲ್ಲಿ ರಬ್ಬರ್ ತೋಟ, ಕಸ್ಟಮ್ಸ್ ಇಲಾಖೆ ಎಂದು ದುಡಿದವರು. ಮಲಯದ ಕ್ರಿಸ್ ಕತ್ತಿಗಳ ಬಗ್ಗೆ 1936ರಲ್ಲೇ ಪುಸ್ತಕ ಬರೆದಿದ್ದರು. ವಿಕ್ಕಾದ ಪೂಜೆಯಲ್ಲಿ ಚಾಕುವಿಗೆ ಅಷ್ಟು ದೊಡ್ಡ ಜಾಗ ಸಿಕ್ಕಿದ್ದರಲ್ಲಿ ಆ ಹುಚ್ಚಿನ ಪಾಲೂ ಇರಬೇಕು. ಪೂಜೆಯ ಮಾತುಗಳಲ್ಲಿ ಬಹುಪಾಲು ತಿದ್ದಿ ಬರೆದವರು 1953ರಲ್ಲಿ ಅವರ ಗುಂಪು ಸೇರಿದ ಡೊರೀನ್ ವ್ಯಾಲಿಯೆಂಟ್. ಶಿಲಾಯುಗದಿಂದ ಗುಟ್ಟಾಗಿ ಉಳಿದುಬಂದದ್ದು ಎಂದು ಯಾವುದಾದರೂ ಪುಸ್ತಕ ಹೇಳಿದರೆ ನಂಬಬೇಡಿ, ಇತಿಹಾಸಕಾರರು ಅದನ್ನು ಒಪ್ಪಿಲ್ಲ. ಹೊಸದು ಅಂದ ಮಾತ್ರಕ್ಕೆ ಸುಳ್ಳು ಅಂತಲೂ ಅಲ್ಲ. ಅಮೆರಿಕದ ಮೇಲ್ಮನವಿ ನ್ಯಾಯಾಲಯವೊಂದು 1986ರಲ್ಲೇ ಇದನ್ನು ಧರ್ಮ ಎಂದು ಒಪ್ಪಿದೆ.

ಆ ಕಪ್ಪು ಹಿಡಿಯ ಚಾಕುವಿನ ಹೆಸರು ಅಥಾಮೆ. ಅದರಲ್ಲಿ ಏನನ್ನೂ ಕೊಯ್ಯುವುದಿಲ್ಲ, ರಕ್ತದ ಮಾತಂತೂ ಇಲ್ಲವೇ ಇಲ್ಲ. ಗಾಳಿಯಲ್ಲಿ ಗೆರೆ ಎಳೆಯಲು, ನೀರಿಗೆ ತುದಿ ಮುಟ್ಟಿಸಲು ಅಷ್ಟೇ. ಸೊಪ್ಪು, ದಾರ ಕತ್ತರಿಸಲು ಬಿಳಿ ಹಿಡಿಯದು ಬೇರೆ ಇರುತ್ತದೆ. ತಟ್ಟೆಯ ಐದು ಮೂಲೆ ಅಂದರೆ ಮಣ್ಣು, ಗಾಳಿ, ಬೆಂಕಿ, ನೀರು, ಆತ್ಮ. ಅತ್ತೆಯವರು ಪಂಚಭೂತ ಕೇಳದವರೇನಲ್ಲ, ಅಲ್ಲಿಂದ ಮಾತು ಶುರು ಮಾಡಿ.

ವೃತ್ತ ಹಾಕುವುದು ಹೇಗೆ? ಅಂತರ್ಜಾಲದಲ್ಲಿ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಮನೆಯಲ್ಲಿ ಮಾಡಿದರೆ ನೆಲವೆಲ್ಲ ಉಪ್ಪಿನ ರಾಡಿ.
(ಸಕಲೇಶಪುರ)

ವೃತ್ತ ಅಂದರೆ ವಿಕ್ಕಾದಲ್ಲಿ ಪೂಜೆಯ ಜಾಗದ ಸುತ್ತ ಹಾಕುವ ಗಡಿ. ಹಳೆಯ ಪದ್ಧತಿಯಲ್ಲಿ ಅದು 9 ಅಡಿ ಅಗಲ. ನಾಲ್ಕೂವರೆ ಅಡಿ ಹಗ್ಗದ ಒಂದು ತುದಿಯನ್ನು ನಡುವೆ ಹಿಡಿದು, ಇನ್ನೊಂದು ತುದಿಗೆ ಸೀಮೆಸುಣ್ಣ ಕಟ್ಟಿ ಸುತ್ತು ಬಂದರೆ ಆಯಿತು. ಮಂಚ, ಬೀರು ಇರುವ ಕೋಣೆಯಲ್ಲಿ ಇದು ಆಗದ ಮಾತು. ಒಬ್ಬರೇ ಮಾಡುವವರಿಗೆ ಕೈ ಚಾಚಿ ಸುತ್ತು ತಿರುಗುವಷ್ಟು, ಐದಡಿ ಸಾಕು.

ಗುಡಿಸಿ. ನಡುವೆ ಅಥವಾ ಉತ್ತರಕ್ಕೆ ಮಣೆ ಇಟ್ಟು ಎಡಕ್ಕೆ ದೇವಿಯ ದೀಪ, ಬಲಕ್ಕೆ ದೇವನ ದೀಪ. ಬಟ್ಟಲಲ್ಲಿ ನೀರು, ಚಿಕ್ಕ ತಟ್ಟೆಯಲ್ಲಿ ಉಪ್ಪು. ಚಾಕುವಿನ ತುದಿಯನ್ನು ಮೊದಲು ನೀರಿಗೆ, ಆಮೇಲೆ ಉಪ್ಪಿಗೆ ಮುಟ್ಟಿಸಿ ಎರಡನ್ನೂ ಶುದ್ಧ ಮಾಡಿ, ಮೂರು ಚಿಟಿಕೆ ಉಪ್ಪನ್ನು ನೀರಿಗೆ ಹಾಕಿ. ಪೂರ್ವದಿಂದ ಹೊರಟು ಪ್ರದಕ್ಷಿಣೆಯಾಗಿ ಚಾಕುವಿನ ತುದಿಯಿಂದ ಒಂದು ಸುತ್ತು, ಉಪ್ಪುನೀರು ಚಿಮುಕಿಸುತ್ತ ಒಂದು ಸುತ್ತು, ಧೂಪ ಹಿಡಿದು ಒಂದು ಸುತ್ತು. ಬಳಿಕ ಪೂರ್ವಕ್ಕೆ ಗಾಳಿ, ದಕ್ಷಿಣಕ್ಕೆ ಬೆಂಕಿ, ಪಶ್ಚಿಮಕ್ಕೆ ನೀರು, ಉತ್ತರಕ್ಕೆ ಮಣ್ಣು ಎಂದು ನಾಲ್ಕು ದಿಕ್ಕಿಗೂ ಕೈಮುಗಿದು ಕರೆಯುವುದು, ಆಮೇಲೆ ದೇವಿ, ದೇವ. ಪೂಜೆ, ಧ್ಯಾನ ಏನಿದೆಯೋ ಅದು. ಕೊನೆಗೆ ರೊಟ್ಟಿ ಅಥವಾ ಬಿಸ್ಕತ್ತು, ಪಾನೀಯ. ಕರೆದವರನ್ನೆಲ್ಲ ಬೀಳ್ಕೊಟ್ಟು ವೃತ್ತ ಬಿಚ್ಚಬೇಕು. ಬಿಚ್ಚುವ ಸುತ್ತನ್ನು ಹಲವರು ಅಪ್ರದಕ್ಷಿಣೆಯಾಗಿ ಬರುತ್ತಾರೆ. ನಡುವೆ ಕುಕ್ಕರ್ ಕೂಗಿತೆಂದು ಎದ್ದು ಹೋಗಬೇಕಾದರೆ ಚಾಕುವಿನಿಂದ ಬಾಗಿಲಿನ ಆಕಾರ ಬರೆದು, ದಾಟಿ, ಮತ್ತೆ ಮುಚ್ಚುವುದು ಕ್ರಮ.

ಈಗ ರಾಡಿಯ ವಿಷಯ. ನೀವು ಉಪ್ಪನ್ನು ಸಾಲಾಗಿ ನೆಲಕ್ಕೇ ಸುರಿದಿರಬೇಕು. ಮಲೆನಾಡಿನ ಮಳೆಗಾಲದಲ್ಲಿ ಉಪ್ಪು ಗಾಳಿಯ ತೇವ ಹೀರಿ ರಾತ್ರಿ ಕಳೆಯುವುದರೊಳಗೆ ನೀರಾಗುತ್ತದೆ, ರೆಡ್ ಆಕ್ಸೈಡ್ ನೆಲದಲ್ಲಿ ಬಿಳಿ ಕಲೆ ಉಳಿಸುತ್ತದೆ. ನೀರಲ್ಲಿ ಕರಗಿಸಿದ ಮೂರು ಚಿಟಿಕೆಗಿಂತ ಹೆಚ್ಚು ಬೇಡ, ಗೆರೆ ಬೇಕೇ ಬೇಕೆಂದರೆ ಅಕ್ಕಿಹಿಟ್ಟಿನ ರಂಗೋಲಿ. ಉಳಿದ ಉಪ್ಪುನೀರನ್ನು ತುಳಸಿಗೋ ಕಾಫಿ ಸಸಿಗೋ ಹಾಕಬೇಡಿ, ಎಲೆಯ ಅಂಚು ಸುಡುತ್ತದೆ, ಬಚ್ಚಲಿಗೆ ಚೆಲ್ಲಿ. ಚಾಕುವನ್ನು ಒರೆಸಿ ಒಂದು ಹನಿ ಕೊಬ್ಬರಿಎಣ್ಣೆ ಸವರದಿದ್ದರೆ ತುಕ್ಕು.

ಇದಕ್ಕಿಂತ ದೊಡ್ಡ ತಪ್ಪು ಧೂಪದಲ್ಲಿ ಆಗುತ್ತದೆ. ಮಳೆ, ಚಳಿ ಎಂದು ಕಿಟಕಿ ಮುಚ್ಚಿ ಕೆಂಡದ ಮೇಲೆ ಲೋಬಾನ ಹಾಕುತ್ತಾರೆ. ಮುಚ್ಚಿದ ಕೋಣೆಯಲ್ಲಿ ಇದ್ದಿಲು ಉರಿದರೆ ಕಾರ್ಬನ್ ಮಾನಾಕ್ಸೈಡ್ ತುಂಬುತ್ತದೆ, ಅದಕ್ಕೆ ವಾಸನೆಯಿಲ್ಲ. ತಲೆ ಭಾರವಾಗಿ ಸುತ್ತು ಬಂದದ್ದನ್ನು ‘ದೇವಿ ಬಂದಳು’ ಎಂದುಕೊಂಡು ಕೂತರೆ ಜೀವಕ್ಕೇ ಕುತ್ತು. ಎದುರುಬದುರು ಎರಡು ಕಿಟಕಿ ತೆರೆದಿರಲಿ, ಧೂಪದ ಪಾತ್ರೆಯ ತಳಕ್ಕೆ ಎರಡು ಇಂಚು ಮರಳು ಇರಲಿ.

ಮಂತ್ರದಂಡಕ್ಕೆ ಓಕ್ ಮರ ಶ್ರೇಷ್ಠ ಎಂದು ಓದಿದೆ. ನಮ್ಮ ತೋಟದ ಸಿಲ್ವರ್ ಓಕ್ ಆಗುತ್ತದೆಯೇ?
(ಬೇಲೂರು)

ಸಿಲ್ವರ್ ಓಕ್ ಹೆಸರಿಗಷ್ಟೇ ಓಕ್. ಆಸ್ಟ್ರೇಲಿಯಾದಿಂದ ನೆರಳಿಗೆಂದು ತಂದ ಮರ ಅದು, ಇಂಗ್ಲಿಷ್ ಓಕಿನ ಬಳಗವೇ ಅಲ್ಲ. ಯಾವ ಮರವಾದರೂ ನಡೆಯುತ್ತದೆ, ನಿಯಮವೇನಿಲ್ಲ. ಕೊಯ್ಲು ಮುಗಿದು ಕಾಫಿ ಗಿಡ ಸವರುವಾಗ ಬಿದ್ದ ಗಟ್ಟಿ ರೆಂಬೆ ಸಿಕ್ಕರೆ ಇನ್ನೂ ಒಳ್ಳೆಯದು. ಉದ್ದ ನಿಮ್ಮ ಮೊಣಕೈಯಿಂದ ತೋರುಬೆರಳ ತುದಿಯವರೆಗೆ. ನೆರಳಲ್ಲಿ ನಿಧಾನ ಒಣಗಿಸಿ, ಬಿಸಿಲಿಗಿಟ್ಟರೆ ಸೀಳುತ್ತದೆ.

ವಿಕ್ಕಾದ ಎಂಟು ಹಬ್ಬಗಳು ಇಂಗ್ಲೆಂಡಿನ ಋತುವಿಗೆ ಸರಿ. ಹಾಸನದಲ್ಲಿದ್ದು ಅವನ್ನು ಆಚರಿಸುವುದು ಹೇಗೆ? ಸಮ್ಹೇನ್ ಬದಲು ಹಾಸನಾಂಬೆಯ ದರ್ಶನ ಮಾಡಿದರೆ ಆಗದೇ?
(ಕಾಲೇಜು ವಿದ್ಯಾರ್ಥಿನಿ, ಹಾಸನ)

ಒಳ್ಳೆಯ ಪ್ರಶ್ನೆ ತಂಗಿ, ಇಲ್ಲಿಯ ವಿಕ್ಕಾದವರು ನಿಜವಾಗಿ ತಲೆ ಕೆಡಿಸಿಕೊಳ್ಳಬೇಕಾದ್ದು ಇದಕ್ಕೇ.

ಎಂಟರಲ್ಲಿ ನಾಲ್ಕು ಸೂರ್ಯನವು: ಡಿಸೆಂಬರ್ 21ರ ಸುಮಾರಿಗೆ ಯೂಲ್, ಮಾರ್ಚ್ 20ರ ಆಸುಪಾಸು ಓಸ್ಟಾರಾ, ಜೂನ್ 21ಕ್ಕೆ ಲಿಥಾ, ಸೆಪ್ಟೆಂಬರ್ 22ರ ಹೊತ್ತಿಗೆ ಮೇಬನ್. ಇನ್ನು ನಾಲ್ಕು ಹೊಲ, ಹಟ್ಟಿಯವು: ಫೆಬ್ರವರಿ 1ಕ್ಕೆ ಇಂಬೋಲ್ಕ್, ಮೇ 1ಕ್ಕೆ ಬೆಲ್ಟೇನ್, ಆಗಸ್ಟ್ 1ಕ್ಕೆ ಲಾಮಸ್, ಅಕ್ಟೋಬರ್ 31ಕ್ಕೆ ಸಮ್ಹೇನ್. ಲಂಡನ್ನಿನಲ್ಲಿ ಜೂನ್ ಹಗಲು ಹದಿನಾರೂವರೆ ಗಂಟೆ ದಾಟಿದರೆ ಡಿಸೆಂಬರ್ ಹಗಲು ಎಂಟು ಗಂಟೆಗೂ ಕಮ್ಮಿ. ಸೂರ್ಯ ಸತ್ತು ಹುಟ್ಟುತ್ತಾನೆ ಎಂಬ ಕಥೆ ಅಲ್ಲಿ ಕಣ್ಣಿಗೆ ಕಾಣುವಂಥದ್ದು. ಹಾಸನದಲ್ಲಿ ಅತಿ ದೊಡ್ಡ ಹಗಲಿಗೂ ಅತಿ ಚಿಕ್ಕ ಹಗಲಿಗೂ ವ್ಯತ್ಯಾಸ ಒಂದೂವರೆ ಗಂಟೆ ಅಷ್ಟೇ. ಜೂನ್ 21ಕ್ಕೆ ಹೊರಗೆ ಬೆಂಕಿ ಹಾಕಿ ಕುಣಿಯಬೇಕು ಅನ್ನುತ್ತದೆ ಪುಸ್ತಕ. ಅವತ್ತು ಸಕಲೇಶಪುರದ ಕಡೆ ಸೌದೆ ಹೊತ್ತಿಸಿ ತೋರಿಸಲಿ ನೋಡೋಣ! ಆಗಸ್ಟ್ 1 ಅಲ್ಲಿ ಗೋಧಿಯ ಮೊದಲ ಕೊಯ್ಲು, ಇಲ್ಲಿ ಗದ್ದೆಗೆ ಇನ್ನೂ ನಾಟಿ.

ದಿಕ್ಕಿನಲ್ಲೂ ಇದೇ ತೊಡಕು. ದಕ್ಷಿಣಕ್ಕೆ ಬೆಂಕಿ ಯಾಕೆ? ಇಂಗ್ಲೆಂಡಿನಲ್ಲಿ ಮಧ್ಯಾಹ್ನದ ಸೂರ್ಯ ವರ್ಷವಿಡೀ ದಕ್ಷಿಣದಲ್ಲೇ ಇರುತ್ತಾನೆ. ಹಾಸನ ಇರುವುದು 13 ಡಿಗ್ರಿ ಉತ್ತರದಲ್ಲಿ. ಏಪ್ರಿಲ್ 24ರ ಸುಮಾರಿಗೆ ಸೂರ್ಯ ನೆತ್ತಿಗೆ ಬಂದು, ಅಲ್ಲಿಂದ ಆಗಸ್ಟ್ 18ರ ಸುಮಾರಿನವರೆಗೆ ಮಧ್ಯಾಹ್ನ ಉತ್ತರದ ಕಡೆಗಿರುತ್ತಾನೆ. ಅಂಗಳದಲ್ಲಿ ಕೋಲು ನೆಟ್ಟರೆ ನೆರಳು ದಕ್ಷಿಣಕ್ಕೆ ಬೀಳುವುದು ಕಾಣುತ್ತದೆ. ನಮ್ಮ ಅಷ್ಟದಿಕ್ಪಾಲಕರ ಲೆಕ್ಕದಲ್ಲಿ ದಕ್ಷಿಣ ಯಮನದು, ಅಗ್ನಿ ಆಗ್ನೇಯದವನು. ಪಶ್ಚಿಮದ ವರುಣ ಮಾತ್ರ ವಿಕ್ಕಾದ ನೀರಿಗೆ ಸರಿಹೊಂದುತ್ತಾನೆ. ಆಸ್ಟ್ರೇಲಿಯಾದ ವಿಕ್ಕಾದವರಲ್ಲಿ ಬಹಳಷ್ಟು ಜನ ಬೆಂಕಿಯನ್ನು ಉತ್ತರಕ್ಕೆ ಸರಿಸಿ, ಹಬ್ಬಗಳನ್ನು ಆರು ತಿಂಗಳು ಹಿಂದೆಮುಂದೆ ಮಾಡಿಕೊಂಡಿದ್ದಾರೆ. ಹಾಗಾಗಿ ಬದಲಿಸುವುದು ಅಪಚಾರವಲ್ಲ.

ಸೂರ್ಯನ ನಾಲ್ಕನ್ನು ದಿನಾಂಕದಂತೆ ಇಟ್ಟುಕೊಳ್ಳಿ, ಉಳಿದ ನಾಲ್ಕನ್ನು ಇಲ್ಲಿಯ ನೆಲಕ್ಕೆ ಬಿಡಿ ಎನ್ನುವುದು ನಮ್ಮ ಸಲಹೆ. ಹೂಮಳೆ ಬಿದ್ದು ಎಂಟೊಂಬತ್ತು ದಿನಕ್ಕೆ ತೋಟವೆಲ್ಲ ಬೆಳ್ಳಗೆ ಅರಳುತ್ತದಲ್ಲ, ಹೂ ಅರಳುವ ಹೊತ್ತಿನ ಹಬ್ಬ ಬೆಲ್ಟೇನಿಗೆ ಅದಕ್ಕಿಂತ ಒಳ್ಳೆಯ ದಿನ ಎಲ್ಲಿ? ಸುಗ್ಗಿಯ ಹಬ್ಬ ಲಾಮಸನ್ನು ಹೊಸ್ತಿನ ಹೊತ್ತಿಗೆ ತನ್ನಿ. ಯೂಲ್ ಮತ್ತು ಮಕರ ಸಂಕ್ರಾಂತಿ ಒಂದೇ ಎಂದು ಮಾತ್ರ ಬೆರೆಸಬೇಡಿ. ಸೂರ್ಯ ಉತ್ತರಕ್ಕೆ ತಿರುಗುವುದು ಡಿಸೆಂಬರ್ 21–22ಕ್ಕೆ. ನಿರಯನ ಪಂಚಾಂಗ ನಕ್ಷತ್ರ ಹಿಡಿದು ಎಣಿಸುವುದರಿಂದ ಸಂಕ್ರಾಂತಿ ಈಗ 24 ದಿನದಷ್ಟು ಮುಂದೆ ಹೋಗಿದೆ, ಸುಮಾರು 72 ವರ್ಷಕ್ಕೊಂದು ದಿನ ಸರಿಯುತ್ತದೆ. ತಿಂಗಳ ಎಸ್ಬಾಟ್ ಪೂಜೆಗೆ ನಮ್ಮ ಹುಣ್ಣಿಮೆಯೇ ಸಾಕು. ಕ್ಯಾಲೆಂಡರಿನಲ್ಲಿ ಎರಡು ದಿನ ಹುಣ್ಣಿಮೆ ಬರೆದಿದ್ದರೆ, ಸಂಜೆ ಚಂದ್ರ ಹುಟ್ಟುವಾಗ ತಿಥಿ ಇರುವ ದಿನ ಹಿಡಿಯಿರಿ.

ಹಾಸನಾಂಬೆಯ ಮಾತು. ಆಶ್ವಯುಜ ಹುಣ್ಣಿಮೆ ಕಳೆದ ಮೊದಲ ಗುರುವಾರ ಬಾಗಿಲು ತೆಗೆದು ಬಲಿಪಾಡ್ಯಮಿ ಕಳೆದ ಮೇಲೆ ಮುಚ್ಚುತ್ತಾರೆ, ದಿನಗಳೂ ಹತ್ತಿರ ಬರುತ್ತವೆ, ಆಸೆ ಆಗುವುದು ಸಹಜ. ಆದರೆ ಸಮ್ಹೇನ್ ಸತ್ತವರನ್ನು ನೆನೆಯುವ ದಿನ. ಆ ಭಾವಕ್ಕೆ ಮಹಾಲಯ ಅಮಾವಾಸ್ಯೆ ಹತ್ತಿರ. ಹಾಸನಾಂಬೆಗೆ ಅವಳದೇ ಅರ್ಚಕರು, ಅವಳದೇ ಕಟ್ಟಳೆ ಇದೆ. ಭಕ್ತಿಯಿದ್ದರೆ ಸಾಲಲ್ಲಿ ನಿಂತು ಅವಳಿಗೇ ಕೈಮುಗಿಯಿರಿ, ವಿಕ್ಕಾದ ಹಣೆಪಟ್ಟಿ ಅಂಟಿಸಬೇಡಿ.

‘ವಿಕ್ಕಾ ವಶೀಕರಣ, 25 ಸಾವಿರ, ಬಿಟ್ಟುಹೋದವರು ವಾಪಸ್’ ಎಂಬ ಜಾಹೀರಾತು ನೋಡಿದೆ. ನಿಜವೇ?
(ಅರಸೀಕೆರೆ)

ಮೋಸ. ‘ಯಾರಿಗೂ ಕೇಡಾಗದಿದ್ದರೆ ನಿನ್ನ ಇಷ್ಟದಂತೆ ನಡೆ’ ಎಂಬುದು ವಿಕ್ಕಾದ ಮೂಲ ನೀತಿ. ಒಬ್ಬರ ಮನಸ್ಸನ್ನು ಅವರಿಗೆ ಗೊತ್ತಿಲ್ಲದೆ ತಿರುಗಿಸುವುದೂ ಕೇಡೇ, ಕಳಿಸಿದ್ದು ಮೂರು ಪಟ್ಟು ಮರಳುತ್ತದೆ ಎಂದು ಅವರಲ್ಲಿ ಅನೇಕರು ನಂಬುತ್ತಾರೆ. ಹಣ ಕೊಟ್ಟಿದ್ದರೆ ರಸೀದಿ, ಮೆಸೇಜು ಅಳಿಸದೆ ಠಾಣೆಗೆ ಹೋಗಿ. ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೂ ಕರೆ ಮಾಡಿ, ತಡ ಮಾಡಿದಷ್ಟೂ ಹಣ ಸಿಗುವುದು ಕಷ್ಟ.

ಗೇಟಿನ ಮುಂದೆ ಕುಂಕುಮ ಹಚ್ಚಿದ ನಿಂಬೆಹಣ್ಣು, ಮೊಳೆ ಸಿಕ್ಕಿತು. ಪಕ್ಕದ ಮನೆಯವರ ಸೊಸೆ ವಿಕ್ಕಾ ಅಂತೆ, ಅವಳದೇ ಕೆಲಸ ಅಂತಾರೆ.
(ಮೂಡಿಗೆರೆ)

ವಿಕ್ಕಾದಲ್ಲಿ ಅಂಥ ವಿಧಿಯೇ ಇಲ್ಲ. ಮೊಳೆ ಟೈರಿಗೆ, ಕಾಲಿಗೆ ಚುಚ್ಚದಂತೆ ಮೊದಲು ಎತ್ತಿ ಬಿಸಾಡಿ. ಆ ಹೆಣ್ಣುಮಗಳ ಮೇಲೆ ಮಾತು ಹಬ್ಬಿಸಬೇಡಿ, ಇಂಥ ಮಾತು ಹೊಡೆತಕ್ಕೆ ಹೋಗಿ ಮುಟ್ಟುವುದಕ್ಕೆ ಹೆಚ್ಚು ಹೊತ್ತು ಬೇಡ. ದೆವ್ವ ಬಿಡಿಸುವ ನೆಪದಲ್ಲಿ ಕಟ್ಟಿಹಾಕುವುದು, ಹೊಡೆಯುವುದು, ಮೆಣಸಿನಕಾಯಿ ಹೊಗೆ ಕೊಡುವುದು ರಾಜ್ಯದ 2017ರ ಮೌಢ್ಯ ಪ್ರತಿಬಂಧಕ ಕಾಯ್ದೆಯಲ್ಲಿ ಅಪರಾಧ: 1ರಿಂದ 7 ವರ್ಷ ಜೈಲು, 5 ಸಾವಿರದಿಂದ 50 ಸಾವಿರ ರೂಪಾಯಿ ದಂಡ. ಯಾರೂ ನೋಯದಂತೆ ಮನೆಯಲ್ಲಿ ಮಾಡುವ ಪೂಜೆಗೆ ಆ ಕಾಯ್ದೆ ಅಡ್ಡಿ ಬರುವುದಿಲ್ಲ.

ಪುಸ್ತಕದಲ್ಲಿ ‘ಹಾರುವ ಮುಲಾಮು’ ಇದೆ, ಮೈಗೆ ಹಚ್ಚಿಕೊಂಡರೆ ಹಾರಿದಂತೆ ಅನ್ನಿಸುತ್ತದಂತೆ. ಅದರಲ್ಲಿನ ಬೆಲ್ಲಡೋನ ಎಂಬ ವಿಷದ ಗಿಡದ ಬದಲು ಉಮ್ಮತ್ತಿ ಹಾಕಬಹುದೇ?
(ಕೊಪ್ಪ)

ಬೇಡ. ಉಮ್ಮತ್ತಿಯ ವಿಷ ಚರ್ಮದಿಂದಲೂ ಒಳಗಿಳಿಯುತ್ತದೆ. ಬಾಯಿ ಒಣಗಿ, ಕಣ್ಣಿನ ಪಾಪೆ ಹಿಗ್ಗಿ, ಎದೆ ಡವಡವ ಎಂದು, ಮನುಷ್ಯ ಬಡಬಡಿಸಲು ಶುರುಮಾಡುತ್ತಾನೆ. ಹಚ್ಚಿಕೊಂಡಿದ್ದರೆ ಸೋಪಿನಲ್ಲಿ ತೊಳೆದು ನೇರ ಆಸ್ಪತ್ರೆಗೆ. ಸುವಾಸನೆಗೆ ಸೊಪ್ಪು ಬೇಕಿದ್ದರೆ ಮಾಚಿಪತ್ರೆ ತನ್ನಿ. ಇಂಗ್ಲಿಷ್ ಪುಸ್ತಕದ ಮಗ್‌ವರ್ಟಿನ ಬಂಧು ಅದು, ಹೂವಿನ ಅಂಗಡಿಯಲ್ಲೇ ಸಿಗುತ್ತದೆ. ಬಸುರಿಯರು ಅದನ್ನು ಕಷಾಯ ಮಾಡಿ ಕುಡಿಯಕೂಡದು.

ಪೂಜೆಯ ಕೊನೆಯ ಚಂದ್ರಾಕಾರದ ಬಿಸ್ಕತ್ತು ಮಾಡುವುದು ಹೇಗೆ? ವೈನ್ ನಮ್ಮ ಮನೆಯಲ್ಲಿ ನಡೆಯುವುದಿಲ್ಲ.
(ಚನ್ನರಾಯಪಟ್ಟಣ)

ಗೋಧಿ ಹಿಟ್ಟು 200 ಗ್ರಾಂ, ಬೆಣ್ಣೆ 100 ಗ್ರಾಂ, ಸಕ್ಕರೆ ಪುಡಿ 30 ಗ್ರಾಂ, ಜೇನು ಎರಡು ದೊಡ್ಡ ಚಮಚ, ಚಿಟಿಕೆ ಉಪ್ಪು. ಬೆಣ್ಣೆ, ಸಕ್ಕರೆ ಉಜ್ಜಿ, ಜೇನು ಬೆರೆಸಿ, ಹಿಟ್ಟು ಸೇರಿಸಿ, ನಾದಬೇಡಿ, ಗಟ್ಟಿಯಾಗುತ್ತದೆ. ತುಡುವೆ ಜೇನು ತೆಳು, ಕಣಕ ಕೈಗೆ ಅಂಟಿದರೆ ಅರ್ಧ ಗಂಟೆ ಫ್ರಿಜ್ಜಿನಲ್ಲಿಡಿ. ಕಾಲು ಇಂಚು ದಪ್ಪಕ್ಕೆ ಲಟ್ಟಿಸಿ, ಲೋಟದ ಬಾಯಿಯಿಂದ ಒಮ್ಮೆ ಒತ್ತಿ, ಸ್ವಲ್ಪ ಸರಿಸಿ ಇನ್ನೊಮ್ಮೆ ಒತ್ತಿದರೆ ಬಿದಿಗೆ ಚಂದ್ರ. 170 ಡಿಗ್ರಿಯಲ್ಲಿ 12ರಿಂದ 15 ನಿಮಿಷ ಬೇಯಿಸಿ. ಹೆಚ್ಚು ಬಿಸಿ ಕೊಟ್ಟರೆ ಜೇನಿನಿಂದಾಗಿ ತಳ ಕಪ್ಪಾಗುತ್ತದೆ. ವೈನ್ ಕಡ್ಡಾಯವಲ್ಲ. ದ್ರಾಕ್ಷಿ ರಸ ಆಗುತ್ತದೆ, ಹಾಲೂ ಆಗುತ್ತದೆ, ಪುನರ್ಪುಳಿ ಪಾನಕವಾದರೆ ಬಣ್ಣವೂ ಸರಿ. ಹುಳಿ ಇರುವುದರಿಂದ ಹಿತ್ತಾಳೆ, ತಾಮ್ರದ ಬಟ್ಟಲು ಬೇಡ. ಗಾಜಿನದೋ ಸ್ಟೀಲಿನದೋ ಇರಲಿ.