ದುಂಡಗಾದ ಬೆಕ್ಕಿಗೆ ದಿನಕ್ಕೆ ಎಷ್ಟು ಕ್ಯಾಲರಿ?

ಪ್ರಶ್ನೆ: ಡೊಂಬಿವಲಿಯ ಫ್ಲ್ಯಾಟೊಂದರಲ್ಲಿ ನಮ್ಮ ವಾಸ. ಆರು ವರ್ಷದ ನಮ್ಮ ಹೆಣ್ಣು ಬೆಕ್ಕಿಗೆ ಸಂತಾನಹರಣ ಶಸ್ತ್ರಚಿಕಿತ್ಸೆಯಾಗಿದ್ದು, ಅದು ಮನೆಯಿಂದ ಹೊರಗೆ ಹೋಗುವುದೇ ಇಲ್ಲ. ಈಗ 5.4 ಕಿಲೋ ಇದೆ, 4.5 ಕಿಲೋ ಇದ್ದರೆ ಸರಿ ಎಂದು ಪಶುವೈದ್ಯರು ಹೇಳುತ್ತಾರೆ. ದಿನಕ್ಕೆ ಸುಮಾರು 80 ಗ್ರಾಂ ಒಣ ಆಹಾರ ಮತ್ತು 100 ಮಿ.ಲೀ. ಹಾಲು ಕೊಡುತ್ತೇನೆ. ಊಟದ ಹೊತ್ತಿಗೆ ಮಾವನವರು ಬಂಗುಡೆಯ ಚೂರುಗಳನ್ನೂ ಹಾಕುತ್ತಾರೆ. ಅದಕ್ಕೆ ನಿಜವಾಗಿ ಎಷ್ಟು ಬೇಕು?
– ಓದುಗರೊಬ್ಬರು, ಡೊಂಬಿವಲಿ

ಉತ್ತರ: ಬೆಕ್ಕಿನ ತೂಕ ಇಮ್ಮಡಿಯಾದರೆ ಅದರ ಶಕ್ತಿಯ ಅಗತ್ಯ ಇಮ್ಮಡಿಯಾಗುವುದಿಲ್ಲ, ಸುಮಾರು 1.7 ಪಟ್ಟು ಮಾತ್ರ ಏರುತ್ತದೆ. ಆದ್ದರಿಂದ ಪಶುವೈದ್ಯರು ತೂಕದ 0.75ನೆಯ ಘಾತವನ್ನು 70ರಿಂದ ಗುಣಿಸಿ, ವಿಶ್ರಾಂತಿಯಲ್ಲಿರುವ ದೇಹಕ್ಕೆ ಬೇಕಾದ ಕಿಲೋಕ್ಯಾಲರಿಯನ್ನು ಅಂದಾಜಿಸುತ್ತಾರೆ. ಹೆಸರು ಕೇಳಿ ಗಾಬರಿಯಾಗಬೇಕಿಲ್ಲ. ಮೊಬೈಲಿನ ಕ್ಯಾಲ್ಕ್ಯುಲೇಟರಿನಲ್ಲಿ ತೂಕ × ತೂಕ × ತೂಕ ಎಂದು ಗುಣಿಸಿ, ವರ್ಗಮೂಲದ ಗುಂಡಿಯನ್ನು ಎರಡು ಸಲ ಒತ್ತಿದರೆ ಸಾಕು. ನಿಮ್ಮ ಬೆಕ್ಕಿನ ಆದರ್ಶ ತೂಕವಾದ 4.5ನ್ನು ಹೀಗೆ ಮಾಡಿದರೆ 3.09 ಬರುತ್ತದೆ, 70ರಿಂದ ಗುಣಿಸಿದರೆ 216. ಶಸ್ತ್ರಚಿಕಿತ್ಸೆಯಾದ ವಯಸ್ಕ ಬೆಕ್ಕು ಇದ್ದ ತೂಕದಲ್ಲೇ ಉಳಿಯಲು ಇದರ 1.2 ಪಟ್ಟು, ಅಂದರೆ ಸುಮಾರು 260 ಬೇಕು. ತೂಕ ಇಳಿಸಬೇಕಾದಾಗ 216ರಿಂದಲೇ ಆರಂಭಿಸುವುದು ರೂಢಿ.

ಈಗ ನೀವು ಕೊಡುತ್ತಿರುವುದನ್ನು ನೋಡೋಣ. ನಿಮ್ಮ ಪೊಟ್ಟಣದ ಮೇಲೆ 100 ಗ್ರಾಮಿಗೆ 380 ಕಿಲೋಕ್ಯಾಲರಿ ಎಂದಿದ್ದರೆ (ಒಣ ಆಹಾರಗಳಲ್ಲಿ ಹೆಚ್ಚಿನವು ಇದರ ಆಸುಪಾಸಿನಲ್ಲೇ ಇರುತ್ತವೆ) 80 ಗ್ರಾಮಿನಲ್ಲಿ 304 ಆಯಿತು, ಹಸುವಿನ ಹಾಲಿನಿಂದ ಇನ್ನೊಂದು 65. ಬಂಗುಡೆಯನ್ನು ಲೆಕ್ಕಕ್ಕೆ ಹಿಡಿಯುವ ಮೊದಲೇ 370ರ ಹತ್ತಿರ ಬಂದೆವು. ಹಾಲನ್ನು ನಿಲ್ಲಿಸಿಬಿಡಿ: ದೊಡ್ಡ ಬೆಕ್ಕುಗಳಲ್ಲಿ ಹಲವಕ್ಕೆ ಅದರ ಲ್ಯಾಕ್ಟೋಸ್ ಜೀರ್ಣವಾಗುವುದಿಲ್ಲ, ಕುಡಿಯಲು ನೀರೇ ಸಾಕು. ಮೀನನ್ನು ಪೂರ್ತಿ ತಪ್ಪಿಸಿ ಮಾವನವರ ಮನಸ್ಸು ನೋಯಿಸಬೇಕೆಂದು ನಾನು ಹೇಳಲಾರೆ. ಉಪ್ಪು, ಖಾರ, ಈರುಳ್ಳಿ ಸೋಕದ, ಮುಳ್ಳು ತೆಗೆದ ಬೇಯಿಸಿದ ಚೂರು ದಿನದ ಹತ್ತನೆಯ ಒಂದು ಪಾಲು, ಎಂದರೆ ಸುಮಾರು 20 ಕಿಲೋಕ್ಯಾಲರಿ, ಮೀರದಿದ್ದರಾಯಿತು. ಉಳಿದ 195ಕ್ಕೆ ಒಣ ಆಹಾರ 51 ಗ್ರಾಂ ಸಾಕು. ಅದನ್ನು ಲೋಟದಲ್ಲಿ ಅಳೆಯಬೇಡಿ, ಅಡುಗೆಮನೆಯ ಡಿಜಿಟಲ್ ತಕ್ಕಡಿಯಲ್ಲಿ ತೂಗಿ.

ಆದರೆ ನಾಳೆಯೇ 80ರಿಂದ 51ಕ್ಕೆ ಇಳಿಸಬಾರದು, ಎರಡು ವಾರಗಳಲ್ಲಿ ಹಂತಹಂತವಾಗಿ ತಗ್ಗಿಸಬೇಕು. ದಪ್ಪಗಿರುವ ಬೆಕ್ಕು ಕೆಲವು ದಿನ ಏನೂ ತಿನ್ನದಿದ್ದರೆ ದೇಹದ ಕೊಬ್ಬು ಯಕೃತ್ತಿನಲ್ಲಿ ಶೇಖರವಾಗಿ ಪ್ರಾಣಕ್ಕೇ ಅಪಾಯವಾಗುತ್ತದೆ. ಒಂದು ದಿನವಿಡೀ ಊಟ ಬಿಟ್ಟರೂ ವೈದ್ಯರಿಗೆ ತಿಳಿಸಿ. ಒಂದೇ ತೂಕದ ಎರಡು ಬೆಕ್ಕುಗಳ ಅಗತ್ಯ ಬಹಳ ಬೇರೆಯಾಗಿರಬಹುದಾದ್ದರಿಂದ 216 ಎಂಬುದು ಕೇವಲ ಆರಂಭದ ಅಂಕಿ. ಎರಡು ವಾರಕ್ಕೊಮ್ಮೆ ಬೆಕ್ಕನ್ನು ಎತ್ತಿಕೊಂಡು ತಕ್ಕಡಿಯ ಮೇಲೆ ನಿಂತು, ನಿಮ್ಮ ತೂಕವನ್ನು ಕಳೆಯಿರಿ. ವಾರಕ್ಕೆ 27ರಿಂದ 54 ಗ್ರಾಂ ಇಳಿದರೆ ಸರಿಯಾದ ದಾರಿಯಲ್ಲಿದ್ದೀರಿ. ಇಷ್ಟು ಸಣ್ಣ ವ್ಯತ್ಯಾಸ ಒಂದು ಸಲಕ್ಕೆ ಕಾಣದು, ತಿಂಗಳ ಲೆಕ್ಕ ನೋಡಿ. ಅಷ್ಟಾದರೂ ಇಳಿಯದಿದ್ದರೆ ವೈದ್ಯರನ್ನು ಕೇಳಿ ಮತ್ತಷ್ಟು ತಗ್ಗಿಸಬಹುದು. ಅದಕ್ಕೆ ಮುಂಚೆ, ದಿನದ ಕಾಳನ್ನೆಲ್ಲ ಬೆಳಿಗ್ಗೆಯೇ ಒಂದು ಡಬ್ಬಿಗೆ ಹಾಕಿಟ್ಟು, ಮನೆಯವರೆಲ್ಲರೂ ಅದರಿಂದಲೇ ತೆಗೆದುಕೊಡುತ್ತಿದ್ದಾರೆಯೇ ಎಂದು ಒಮ್ಮೆ ವಿಚಾರಿಸಿ.